ಮಗುವಿಗೆ ವಾಹನ ಬಡಿದರೆ: ಸಹಿ ಹಾಕುವ ಮುಂಚೆ ಓದಿ

ಮಗಳು ಮೂರನೇ ಕ್ಲಾಸಿನಲ್ಲಿದ್ದಾಗ ಕಟಪಾಡಿಯಲ್ಲಿ ಹೆದ್ದಾರಿ ದಾಟುವಾಗ ಕಾರು ಬಡಿಯಿತು. ಬಲಗಾಲಿನ ಮೂಳೆ ಮೊಣಕಾಲಿನ ಹತ್ತಿರವೇ ಮುರಿದಿತ್ತು. ಮೂರನೇ ದಿನ ಕಾರಿನವರು ಆಸ್ಪತ್ರೆಗೆ ಬಂದು, "ಅಕ್ಕ, ಪೊಲೀಸು, ಕೋರ್ಟು ಎಲ್ಲ ಎಂತಕ್ಕೆ? ಬಿಲ್ಲು ನಾನು ಕಟ್ತೇನೆ, ಮೇಲೆ 25,000 ಕೊಡ್ತೇನೆ, ಒಂದು ಸಹಿ ಹಾಕಿ" ಎಂದರು. ನನ್ನ ಗಂಡ ಪೆನ್ನು ಕೈಗೆ ತೆಗೆದುಕೊಂಡೇ ಆಗಿತ್ತು. ಉಡುಪಿಯಲ್ಲಿ ವಕೀಲರ ಹತ್ತಿರ ಗುಮಾಸ್ತನಾಗಿರುವ ನನ್ನ ಅಣ್ಣ ಅಷ್ಟರಲ್ಲಿ ಬಂದ. "ಭಾವ, ದಮ್ಮಯ್ಯ, ಈಗ ಸಹಿ ಹಾಕಬೇಡಿ" ಎಂದ.

ಅವನು ಹೇಳಿದ್ದು ಎಷ್ಟು ಸರಿ ಎಂದು ನನಗೆ ಗೊತ್ತಾಗಲು ಒಂದೂವರೆ ವರ್ಷ ಬೇಕಾಯಿತು. ಮಕ್ಕಳ ಮೂಳೆಯ ತುದಿಯಲ್ಲಿ ಬೆಳೆಯುವ ಪದರ ಒಂದಿರುತ್ತದೆ. ಅದಕ್ಕೆ ಪೆಟ್ಟಾಗಿದ್ದರೂ ಪ್ಲಾಸ್ಟರ್ ಬಿಚ್ಚಿದ ದಿನ ಎಲ್ಲ ಸರಿಯಾದಂತೆಯೇ ಕಾಣಬಹುದು. ಮಗು ಬೆಳೆದ ಹಾಗೆ ಒಂದು ಕಾಲು ಹಿಂದೆ ಉಳಿಯಬಹುದು. ನಾನು ಟೈಲರಿಂಗ್ ಮಾಡುವವಳು. ಐದನೇ ಕ್ಲಾಸಿನ ಯೂನಿಫಾರ್ಮಿಗೆ ಚೂಡಿದಾರ ಪ್ಯಾಂಟಿನ ಅಳತೆ ತೆಗೆಯುವಾಗ ಬಲಗಾಲು ಮುಕ್ಕಾಲು ಇಂಚು ಕಮ್ಮಿ ಬಂತು. ಟೇಪು ಜಾರಿತೇನೋ ಎಂದು ಮತ್ತೆ ಅಳೆದೆ, ಮೂರನೇ ಸಲವೂ ಅಷ್ಟೇ. ಸಹಿ ಹಾಕಿದ್ದಿದ್ದರೆ ಆ ಮುಕ್ಕಾಲು ಇಂಚಿಗೆ ಯಾರನ್ನು ಕೇಳುವುದು?

ಹಾಗಾಗಿ ಮೊದಲ ದಿನದಿಂದಲೇ ಹೇಳುತ್ತೇನೆ. ಕ್ಯಾಶುವಲ್ಟಿಯಲ್ಲಿ "ಬಿದ್ದದ್ದು" ಎಂದು ಬರೆಸಬೇಡಿ. ಎಲ್ಲಿ, ಯಾವ ವಾಹನ ಬಡಿದದ್ದು ಎಂದು ಸ್ಪಷ್ಟವಾಗಿ ಹೇಳಿ, ಎಂಎಲ್‌ಸಿ (ಆಸ್ಪತ್ರೆಯವರು ಪೊಲೀಸರಿಗೆ ತಿಳಿಸಿ ಬರೆದಿಡುವ ದಾಖಲೆ) ಮಾಡಿಸಿ. ವಾಹನದ ಇನ್ಶೂರೆನ್ಸಿನವರು ಮೊದಲು ಹುಡುಕುವುದೇ ಆ ಸಾಲು. 2025ರ ಮೇಯಿಂದ ಅಪಘಾತದ ಗಾಯಾಳುಗಳಿಗೆ ಅಪಘಾತವಾದ ದಿನದಿಂದ 7 ದಿನಗಳವರೆಗೆ 1.5 ಲಕ್ಷ ರೂಪಾಯಿವರೆಗೆ ನಗದುರಹಿತ ಚಿಕಿತ್ಸೆಯ ಯೋಜನೆ ಉಂಟು, ಅದನ್ನೂ ಆಗಲೇ ಕೇಳಿ. ಪೊಲೀಸರಿಂದ ಎಫ್‌ಐಆರ್, ಸ್ಥಳ ಮಹಜರು, ನಕ್ಷೆ, ಮೋಟಾರು ವಾಹನ ನಿರೀಕ್ಷಕರ ವರದಿ, ಆಮೇಲೆ ಚಾರ್ಜ್‌ಶೀಟಿನ ಪ್ರತಿ ಪಡೆದುಕೊಳ್ಳಿ. ನಕ್ಷೆಯನ್ನು ಸರಿಯಾಗಿ ನೋಡಿ. "ಮಗುವೇ ಅಡ್ಡ ಓಡಿತು" ಎಂಬ ವಾದ ಬಂದೇ ಬರುತ್ತದೆ. ಸಣ್ಣ ಮಕ್ಕಳಿಂದ ದೊಡ್ಡವರ ಎಚ್ಚರವನ್ನು ಕೋರ್ಟು ಸಾಮಾನ್ಯವಾಗಿ ನಿರೀಕ್ಷಿಸುವುದಿಲ್ಲ, ಆದರೂ ನಕ್ಷೆ ತಪ್ಪಿದ್ದರೆ ತೊಂದರೆ. ಬಡಿದ ವಾಹನ ಯಾವುದೆಂದೇ ಗೊತ್ತಾಗದಿದ್ದರೆ ತೀವ್ರ ಗಾಯಕ್ಕೆ 50,000, ಜೀವ ಹೋದರೆ 2 ಲಕ್ಷ ರೂಪಾಯಿ ಸರ್ಕಾರದ ಯೋಜನೆಯಿಂದ ಸಿಗುತ್ತದೆ.

ಎಂವಿಸಿ ಕೇಸಿನ, ಅಂದರೆ ವಾಹನ ಅಪಘಾತದ ಪರಿಹಾರ ಕೇಳುವ ಕೇಸಿನ ಅರ್ಜಿ ಅಪಘಾತವಾದ 6 ತಿಂಗಳೊಳಗೆ ಹಾಕಬೇಕು. 2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ಗಡುವು ಇದು. ಗಾಯ ಪೂರ್ತಿ ವಾಸಿಯಾಗಲಿ ಎಂದು ಕಾಯಬೇಡಿ, ಅಂಗವೈಕಲ್ಯದ ಲೆಕ್ಕ ಕೇಸು ನಡೆಯುವಾಗ ಕೊಡಬಹುದು. ಮಗುವಿನ ಪರವಾಗಿ ಅಪ್ಪ ಅಥವಾ ಅಮ್ಮ ಪಾಲಕರಾಗಿ ಅರ್ಜಿ ಹಾಕುವುದು. ಅಪಘಾತ ಸುರತ್ಕಲ್ಲಿನಲ್ಲಾಗಿ ಮನೆ ಉಡುಪಿಯಲ್ಲಿದ್ದರೆ ಉಡುಪಿಯಲ್ಲೇ ಹಾಕಬಹುದು. ವಕೀಲರ ಫೀಸಿಗೆ ಹೆದರಬೇಡಿ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಮಕ್ಕಳಿಗೂ ಹೆಂಗಸರಿಗೂ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ.

ನಾನು ಒಂದು ಬಿಸ್ಕತ್ತಿನ ಡಬ್ಬದಲ್ಲಿ ಎಲ್ಲ ಬಿಲ್ಲು, ಎಕ್ಸ್‌ರೇ ಚೀಟಿ, ರಿಕ್ಷಾದವರು ಬರೆದುಕೊಟ್ಟ ರಸೀದಿ ಇಟ್ಟಿದ್ದೆ. ಹೊಲಿಗೆ ಮಿಷನ್ ನಿಂತ ದಿನಗಳನ್ನು ನೋಟ್‌ಬುಕ್ಕಿನಲ್ಲಿ ಬರೆದೆ, ಯಾಕೆಂದರೆ ಮಗುವನ್ನು ನೋಡಿಕೊಂಡವರ ಖರ್ಚನ್ನೂ ಕೇಳಬಹುದು.

ಎಲ್ಲಕ್ಕಿಂತ ಮುಖ್ಯ, ವೈದ್ಯರ ಅಂಗವೈಕಲ್ಯ ಪ್ರಮಾಣಪತ್ರ. ಅದರಲ್ಲಿ ಶೇಕಡಾವಾರು ಕಾಲಿನದೋ, ಇಡೀ ದೇಹದ್ದೋ ಎಂದು ಕೇಳಿ ಬರೆಸಿಕೊಳ್ಳಿ. 2013ರಲ್ಲಿ ಸುಪ್ರೀಂ ಕೋರ್ಟ್ ಮಕ್ಕಳಿಗೆಂದೇ ಹಾಕಿದ ಪರಿಹಾರದ ಲೆಕ್ಕದಲ್ಲಿ ಇಡೀ ದೇಹದ ವೈಕಲ್ಯ ಶೇ. 10ರವರೆಗಿದ್ದರೆ 1 ಲಕ್ಷ, ಅದಕ್ಕಿಂತ ಹೆಚ್ಚಾಗಿ ಶೇ. 30ರವರೆಗಿದ್ದರೆ 3 ಲಕ್ಷ, ಶೇ. 60ರವರೆಗೆ 4, ಶೇ. 90ರವರೆಗೆ 5, ಅದರ ಮೇಲೆ 6 ಲಕ್ಷ. ಚಿಕಿತ್ಸೆಯ ಖರ್ಚು ಬೇರೆ. ಹತ್ತಕ್ಕೂ ಹನ್ನೊಂದಕ್ಕೂ ಎಷ್ಟು ವ್ಯತ್ಯಾಸ ನೋಡಿ. 2025ರಲ್ಲಿ ಅದೇ ಕೋರ್ಟು ಇನ್ನೂ ಮುಂದೆ ಹೋಗಿ, ಮಗುವಿಗೆ ಆದಾಯವಿಲ್ಲವೆಂದು ಬಗೆಯದೆ ರಾಜ್ಯದ ಕುಶಲ ಕಾರ್ಮಿಕರ ಕನಿಷ್ಠ ವೇತನವನ್ನು ಆಧಾರವಾಗಿ ಹಿಡಿಯಬೇಕು ಎಂದಿದೆ. ಶಾಶ್ವತ ವೈಕಲ್ಯವಿದ್ದರೆ ಈ ತೀರ್ಪಿನ ವಿಷಯವನ್ನು ನಿಮ್ಮ ವಕೀಲರ ಹತ್ತಿರ ನೀವೇ ಎತ್ತಿ. ಮುಂದೆ ಆಪರೇಷನ್ ಬೇಕಿದ್ದರೆ ಅಂದಾಜು ಖರ್ಚನ್ನೂ ವೈದ್ಯರಿಂದ ಬರೆಸಿಕೊಳ್ಳಿ.

ರಾಜಿ ಆಗುವುದಾದರೂ ಮಗುವಿನ ಕೇಸಿಗೆ ಕೋರ್ಟಿನ ಅನುಮತಿ ಬೇಕು. ದುಡ್ಡಿನ ದೊಡ್ಡ ಪಾಲನ್ನು ಸಾಮಾನ್ಯವಾಗಿ ಮಗುವಿಗೆ 18 ತುಂಬುವವರೆಗೆ ಬ್ಯಾಂಕಿನಲ್ಲಿ ಠೇವಣಿ ಇಡಿಸುತ್ತಾರೆ. ಕೈಗೆ ಬರಲಿಲ್ಲ ಎಂದು ನನ್ನ ಗಂಡನಿಗೆ ಬೇಸರವಾಗಿತ್ತು, ನನಗೆ ಅದೇ ನೆಮ್ಮದಿ. ಚಿಕಿತ್ಸೆಗೆ ಬೇಕಾದಾಗ ಅಂದಾಜುಪಟ್ಟಿ ಇಟ್ಟು ಅದೇ ಕೋರ್ಟಿಗೆ ಅರ್ಜಿ ಕೊಟ್ಟರೆ ಬಿಡುಗಡೆ ಮಾಡುತ್ತಾರೆ. ಈ ಜೂನಿನಲ್ಲಿ ನಾವು ಹಾಗೆ ತೆಗೆದದ್ದು ಅವಳ ಬಲಗಾಲಿನ ಶೂವಿಗೆ ಎತ್ತರದ ಅಟ್ಟೆ ಹಾಕಿಸಲಿಕ್ಕೆ.