ಪ್ರಶ್ನೆ ಕೇಳದೆ ಚಿತ್ರಿಸಿದ ಕೊನೆಕೊಯ್ಲು

ಸಂದರ್ಶನವಾಗಲಿ ನಿರೂಪಣೆಯಾಗಲಿ ಇಲ್ಲದೆ, ಅಡಿಕೆ ಸುಲಿಯುವ ಹೆಂಗಸರ ರಾತ್ರಿಗಳಿಂದಲೇ ಒಂದು ಸಾಕ್ಷ್ಯಚಿತ್ರ ಕಟ್ಟುತ್ತೇನೆಂದಾಗ ನನ್ನ ಸಂಕಲನಕಾರ ಗೆಳೆಯನೂ ನಂಬಿರಲಿಲ್ಲ. ಹಣ ಹಾಕಲು ಬಂದಿದ್ದವರೊಬ್ಬರು ‘ಕಥೆ ಎಲ್ಲಿದೆ?’ ಎಂದು ಕೇಳಿ ಹಿಂದೆ ಸರಿದರು. ಮೂರು ಕೊನೆಕೊಯ್ಲುಗಳ, ಅಂದರೆ ಅಡಿಕೆ ಗೊನೆ ಕೊಯ್ಯುವ ಹಂಗಾಮುಗಳ, ನಂತರ ಈಗ 70 ನಿಮಿಷಗಳ ಚಿತ್ರ ಸಿದ್ಧವಾಗಿದೆ.

ಮೊದಲ ವರ್ಷ ತೀರ್ಥಹಳ್ಳಿ ಕಡೆಯ ಮನೆಯೊಂದರಲ್ಲಿ ಸುಮಾರು 40 ಗಂಟೆ ಚಿತ್ರಿಸಿದೆನಾದರೂ 4 ನಿಮಿಷವೂ ಬಳಕೆಗೆ ಬರಲಿಲ್ಲ. ಕೆಲಸ ಸಡಿಲವಾಗಿರುವ ಹಗಲಿನಲ್ಲಿ ಕ್ಯಾಮೆರಾ ತೆರೆದದ್ದೇ ತಪ್ಪಾಯಿತು. ಕೈ ಬಿಡುವಾಗಿದ್ದವರೆಲ್ಲ ಸೆರಗು ಸರಿಪಡಿಸಿಕೊಂಡು ಪುಸ್ತಕದ ಭಾಷೆಯಲ್ಲಿ ಮಾತಾಡಿದರು. 50 ಹರ್ಟ್ಸ್ ಕರೆಂಟಿನ ಬೆಳಕಿನಲ್ಲಿ ಕ್ಯಾಮೆರಾದ ಷಟರ್ ವೇಗವನ್ನು ಅದಕ್ಕೆ ಹೊಂದದ 1/60 ಸೆಕೆಂಡಿನಲ್ಲೇ ಬಿಟ್ಟಿದ್ದರಿಂದ ಎರಡು ರಾತ್ರಿಯ ಚಿತ್ರಣದ ತುಂಬ ಪಟ್ಟಿಗಳು ಓಡಿದವು. ಕ್ಯಾಮೆರಾ ಬಾಡಿಗೆ, ಓಡಾಟ ಎಲ್ಲ ಸೇರಿ ಒಂದೂಕಾಲು ಲಕ್ಷದಷ್ಟು ಹೋಯಿತು.

ದಿನಬಾಡಿಗೆ ಏರುತ್ತಿರುವಾಗ ಕಾಯಲು ಮನಸ್ಸು ಒಪ್ಪುವುದಿಲ್ಲ ಎಂಬುದು ಆಗ ತಿಳಿಯಿತು. ಆದ್ದರಿಂದ ಎರಡನೆಯ ವರ್ಷ ಹಳೆಯ ಕ್ಯಾಮೆರಾ ಒಂದನ್ನು 35 ಮಿ.ಮೀ. ಲೆನ್ಸಿನೊಂದಿಗೆ 60 ಸಾವಿರದ ಆಸುಪಾಸಿಗೆ ಕೊಂಡು, ಮೊದಲ ಹತ್ತು ದಿನ ಅದನ್ನು ಚೀಲದಿಂದ ತೆಗೆಯದೆ ಕಾಲಡಿ ಮೆಟ್ಟಿ ಹಿಡಿಯುವ ಮೆಟ್ಟುಗತ್ತಿಯ ಮುಂದೆ ಕುಳಿತು ಸುಲಿಯುವುದನ್ನು ಕಲಿತೆ. ಕೊಯ್ದ ಹಸಿ ಅಡಿಕೆಯನ್ನು ಬೇಗ ಸುಲಿದು ಬೇಯಿಸುವ ಹಂಡೆಗೆ ಹಾಕಬೇಕು, ಕೂಲಿಯೋ ಡಬ್ಬದ ಲೆಕ್ಕದಲ್ಲಿ. ಹಾಗಾಗಿ ರಾತ್ರಿ ಒಂಬತ್ತರ ಮೇಲೆ ಯಾರ ಕೈಯೂ ನಿಲ್ಲುವುದಿಲ್ಲ. ಜನ ಕ್ಯಾಮೆರಾವನ್ನು ಮರೆಯುತ್ತಾರೆಂದು ಸಾಕ್ಷ್ಯಚಿತ್ರ ಮಾಡುವ ನಮ್ಮವರು ಹೇಳುವುದನ್ನು ನಾನು ಒಪ್ಪುವುದಿಲ್ಲ. ಅದು ಅಲ್ಲಿದೆಯೆಂದು ಅವರಿಗೆ ಗೊತ್ತೇ ಇರುತ್ತದೆ, ಆದರೆ ಆ ಹೊತ್ತಿನಲ್ಲಿ ಅದಕ್ಕೆ ಕೊಡುವಷ್ಟು ಗಮನ ಅವರಲ್ಲಿ ಉಳಿದಿರುವುದಿಲ್ಲ.

ನಡುವೆ ಒಂದು ಪ್ರಯೋಗವನ್ನೂ ಮಾಡಿದೆ. ಮೂರು ರಾತ್ರಿ ಕ್ಯಾಮೆರಾ ಮುಚ್ಚಿಟ್ಟು, ಎಲ್ಲರಿಗೂ ತಿಳಿಸಿಯೇ ಚಪ್ಪರದ ಕಂಬಕ್ಕೆ ಮೈಕು ಕಟ್ಟಿ ಬರೀ ಸದ್ದನ್ನು ಹಿಡಿದೆ. ಮನೆಗೆ ಬಂದು ಕೇಳಿದಾಗ, ಮನಸ್ಸಿನ ಮಾತು ಹೊರಬರುವ ಮುನ್ನ ಆಡುವವರ ಕತ್ತಿಯ ಟಕಟಕ ನಿಧಾನವಾಗುವುದು ಸ್ಪಷ್ಟವಾಗಿ ಗೊತ್ತಾಯಿತು. ಅಂದಿನಿಂದ ಕಿವಿಯ ಸೂಚನೆಯ ಮೇಲೆಯೇ ಚಿತ್ರಿಸಲು ತೊಡಗಿದೆ. ಇಷ್ಟು ನಿಖರವಾದ ಸೂಚನೆಯನ್ನು ಇಪ್ಪತ್ತು ಪ್ರಶ್ನೆ ಕೇಳಿದರೂ ಪಡೆಯಲಾರೆವು. ಕ್ಯಾಮೆರಾವನ್ನು ಯಾರ ಪಕ್ಕದಲ್ಲಿ ಇಡಬೇಕೆಂದು ಹೇಗೆ ನಿರ್ಧರಿಸುತ್ತೇನೆ ಎಂಬುದನ್ನು ಮಾತ್ರ ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಮೂರನೆಯ ವರ್ಷ, ಹಿರಿಯರೊಬ್ಬರು ಸುಲಿಯುತ್ತಲೇ ಮನೆಯ ಸಾಲದ ಕಥೆ ಹೇಳಿದ 11 ನಿಮಿಷಗಳ ಒಂದೇ ಷಾಟ್ ದೊರೆಯಿತು. ಸಂಕಲನಕ್ಕೆ ಮುನ್ನ ಅದನ್ನು ಅದೇ ಚಪ್ಪರದಲ್ಲಿ ಎಲ್ಲರಿಗಿಂತ ಮೊದಲು ಅವರಿಗೆ ತೋರಿಸಿದೆ. “ಮಗಳ ಮನೆಯ ವಿಷಯ ಬಂದದ್ದನ್ನು ತೆಗೆದುಬಿಡು ತಮ್ಮಾ” ಎಂದರು. ಎರಡು ನಿಮಿಷದಷ್ಟನ್ನು ತೆಗೆದೆ. ಕತ್ತರಿಸಿದ ಜಾಗವನ್ನು ಬೇರೆ ಕೈಗಳ ಚಿತ್ರದಿಂದ ಮುಚ್ಚದೆ, ಅಲ್ಲಿ ಕಪ್ಪು ಪರದೆಯನ್ನೂ ಕತ್ತಿಗಳ ಸದ್ದನ್ನೂ ಹಾಗೆಯೇ ಬಿಟ್ಟಿದ್ದೇನೆ.