ಚೀನಿಕಾಯಿ ಪಲ್ಯಕ್ಕೆ ನೀರು ಹಾಕಬೇಡಿ

ನವರಾತ್ರಿ ಹೊತ್ತಿಗೆ ಕಾಸರಗೋಡಿನ ಕಡೆ ಹಳೇ ಮನೆಗಳ ಅಟ್ಟದಲ್ಲಿ ನಾಲ್ಕಾದರೂ ಚೀನಿಕಾಯಿ (ಸಿಹಿಗುಂಬಳ) ಸಾಲಾಗಿ ಕೂತಿರುತ್ತವೆ. ಮಳೆ ಶುರುವಾಗುವಾಗ ಗೊಬ್ಬರದ ಗುಂಡಿ ಪಕ್ಕ ಬಿದ್ದ ಬೀಜ ಬಳ್ಳಿಯಾಗಿ, ಹಟ್ಟಿಯ ಮಾಡು ಹತ್ತಿ, ಯಾರೂ ನೋಡದಾಗ ಕಾಯಿ ಬಿಟ್ಟಿರುತ್ತದೆ. ಹೊಸ್ತಿನ (ಹೊಸ ಅಕ್ಕಿಯ) ಊಟ ಇರಲಿ, ಆಯುಧಪೂಜೆ ಇರಲಿ, ದೀಪಾವಳಿ ಇರಲಿ, ಎಲೆಯ ಮೇಲೆ ಅದರದ್ದೊಂದು ಪಲ್ಯ ಇದ್ದೇ ಇರುತ್ತದೆ.

ಇದ್ದರೆ ಸಾಲದು, ಪಲ್ಯದ ಹಾಗೆ ಇರಬೇಕು. ಈಚೆಗೆ ನಾನು ಉಂಡ ಊಟಗಳಲ್ಲಿ ಎಲೆಗೆ ಬಿದ್ದದ್ದು ಹೆಚ್ಚಿನ ಸಲ ಕಿತ್ತಳೆ ಬಣ್ಣದ ಗಂಜಿ. ಒಂದು ಮದುವೆಯಲ್ಲಂತೂ ಅದು ಹರಿದು ಹೋಗಿ ಉಪ್ಪಿನಕಾಯಿಯನ್ನು ಮುಟ್ಟಿತು. ಪಕ್ಕದಲ್ಲಿ ಕೂತಿದ್ದ ಹಿರಿಯರೊಬ್ಬರು ‘ಇದು ಪಾಯಸವಾ?’ ಎಂದು ಕೇಳಿದರು. ತಮಾಷೆಗಲ್ಲ, ನಿಜವಾಗಿಯೂ ಕೇಳಿದ್ದು.

ಹಾಗಾಗಿ ಈ ಲೇಖನ. ಗೇರುಬೀಜ ಮತ್ತು ಹುರಿದ ಕಾಯಿತುರಿ ಹಾಕಿದ ಸಿಹಿ ಪಲ್ಯ. ಹವ್ಯಕರ ಮನೆಯಲ್ಲಿ ಇದನ್ನು ತಾಳು ಅನ್ನುತ್ತಾರೆ. ಮಲಯಾಳ ಮಾತಾಡುವ ಆಚೆಮನೆಯಲ್ಲಿ ಇಂಥದ್ದಕ್ಕೆ ಉಪ್ಪೇರಿ. ಕಾಯಿಗೂ ಅಷ್ಟೇ, ತುಳುವಿನಲ್ಲಿ ಕೆಂಬುಡೆ, ಮಲಯಾಳದಲ್ಲಿ ಮತ್ತನ್, ಘಟ್ಟದ ಮೇಲಿನವರಿಗೆ ಸಿಹಿಗುಂಬಳ. ಕಾಯಿತುರಿ ಹುರಿದು ಮೇಲೆ ಹಾಕುವ ಉಪಾಯವನ್ನು ನಾನು ಕದ್ದದ್ದು ಓಣಂ ಊಟದ ಎರಿಶ್ಶೇರಿಯಿಂದ. ಅದರಲ್ಲಿ ಚೀನಿಕಾಯಿಯನ್ನು ಕೆಂಪು ಅಲಸಂಡೆ ಜತೆ ಬೇಯಿಸಿ ಬೇಕೆಂದೇ ಮಸೆಯುತ್ತಾರೆ. ನಮ್ಮದರಲ್ಲಿ ಹೋಳು ಹೋಳಾಗಿಯೇ ಇರಬೇಕು.

ಬೇಕಾಗುವ ಸಾಮಾನು (ನಾಲ್ಕೈದು ಮಂದಿಗೆ)

ಅರ್ಧ ಕಿಲೋ ಬೆಳೆದ ಚೀನಿಕಾಯಿ, ಅರ್ಧ ತೆಂಗಿನಕಾಯಿಯ ತುರಿ, 20 ಗ್ರಾಂ ಬೆಲ್ಲ, ಒಂದು ಹಿಡಿ ಗೇರುಬೀಜ, ನಾಲ್ಕು ಚಮಚ ತೆಂಗಿನೆಣ್ಣೆ, ಮುಕ್ಕಾಲು ಚಮಚ ಉಪ್ಪು, ಚಿಟಿಕೆ ಅರಿಶಿನ. ಒಗ್ಗರಣೆಗೆ ಸಾಸಿವೆ, ಉದ್ದಿನಬೇಳೆ, ಒಂದು ಒಣಮೆಣಸು, ಒಂದೆಸಳು ಕರಿಬೇವಿನಸೊಪ್ಪು. ಗಾಂಧಾರಿ ಮೆಣಸು (ಸೂಜಿಮೆಣಸು) ಸಿಕ್ಕಿದರೆ ಒಂದೇ ಒಂದು. ಎಳ್ಳು ಒಂದು ಚಮಚ, ಬೇಕಿದ್ದರೆ.

ಎಣ್ಣೆ ಮಾತ್ರ ತೆಂಗಿನದ್ದೇ ಆಗಬೇಕು. ವಾಸನೆಯಿಲ್ಲದ ರಿಫೈಂಡ್ ಎಣ್ಣೆ ಹಾಕುವುದಾದರೆ ಬೇರೆ ಪಲ್ಯ ಮಾಡಿ.

ಚೀನಿಕಾಯಿ ಆರಿಸುವುದು

ಇಡೀ ಕಾಯಿ ತೆಗೆದುಕೊಳ್ಳುವುದಾದರೆ ಮೊದಲು ತೊಟ್ಟು ನೋಡಿ. ಒಣಗಿ, ಮರದ ಹಾಗೆ ಗಟ್ಟಿಯಾಗಿರಬೇಕು. ಸಿಪ್ಪೆಗೆ ಉಗುರು ಒತ್ತಿದರೆ ಇಳಿಯಬಾರದು. ಹಸಿರು ಹೋಗಿ ಮಣ್ಣಿನ ಬಣ್ಣಕ್ಕೆ ತಿರುಗಿದ್ದು ಒಳ್ಳೆಯದು. ಕೊಯ್ದು ಕೆಲವು ವಾರ ಅಟ್ಟದಲ್ಲಿಟ್ಟದ್ದು ಇನ್ನೂ ಒಳ್ಳೆಯದು, ಯಾಕೆಂದರೆ ಇಟ್ಟಲ್ಲೇ ಅದರ ಪಿಷ್ಟ ಸ್ವಲ್ಪ ಸ್ವಲ್ಪ ಸಕ್ಕರೆಯಾಗುತ್ತದೆ. ಅಂಗಡಿಯಲ್ಲಿ ಕೊಯ್ದು ಪ್ಲಾಸ್ಟಿಕ್ ಸುತ್ತಿಟ್ಟ ತುಂಡು ಬೇಡ. ಒಳಗೆ ಬೆವರು ಕಟ್ಟಿ, ತಿರುಳಿನ ಕಡೆ ಲೋಳೆ ಬಂದಿರುತ್ತದೆ. ಬೇರೆ ದಾರಿ ಇಲ್ಲದಿದ್ದರೆ ನಿಮ್ಮ ಎದುರೇ ಕೊಯ್ಯಿಸಿ.

ಅಂದಹಾಗೆ ಚೀನಿಕಾಯಿಗೂ ಚೀನಾಕ್ಕೂ ಸಂಬಂಧವಿಲ್ಲ. ಇದರ ಮೂಲ ಅಮೆರಿಕ ಖಂಡ. ಗೇರು ಮರವೂ ಬ್ರೆಜಿಲ್ಲಿನದ್ದು, 16ನೇ ಶತಮಾನದಲ್ಲಿ ಪೋರ್ಚುಗೀಸರು ತಂದದ್ದು. ಇಬ್ಬರೂ ನೆಂಟರೇ. ಈಗ ಮನೆಯವರಿಗಿಂತ ಜಾಸ್ತಿ ಮನೆಯವರಾಗಿದ್ದಾರೆ.

ಹೆಚ್ಚುವುದು

ಅಡಕೆಯ ಗಾತ್ರಕ್ಕೆ ಹೆಚ್ಚಿ. ಸುಲಿದ ಅಡಕೆ, ಸಿಪ್ಪೆ ಸಮೇತದ್ದಲ್ಲ. ಎಲ್ಲ ಹೋಳೂ ಒಂದೇ ಅಳತೆ ಇರಲಿ, ಇಲ್ಲವಾದರೆ ಸಣ್ಣದು ಕರಗುವಾಗ ದೊಡ್ಡದು ಹಸಿಯಿರುತ್ತದೆ.

ಸಿಪ್ಪೆ ಪೂರ್ತಿ ತೆಗೆಯಬೇಡಿ. ಹೋಳನ್ನು ಹಿಡಿದು ನಿಲ್ಲಿಸುವುದೇ ಅದು. ತೀರಾ ಗಟ್ಟಿ ಇದ್ದರೆ ಪಟ್ಟೆ ಪಟ್ಟೆಯಾಗಿ ಕೆತ್ತಿ, ನಡುವೆ ನಡುವೆ ಬಿಡಿ. ‘ಸಿಪ್ಪೆ ಬಾಯಿಗೆ ಸಿಗುತ್ತದೆ’ ಎಂದು ನನ್ನ ಮನೆಯಲ್ಲೇ ಒಬ್ಬರ ತಕರಾರಿದೆ. ಸಿಗಲಿ, ಜಗಿಯಲಿಕ್ಕೆ ತಾನೇ ಹಲ್ಲು ಇರುವುದು?

ಬೀಜ ಬಿಸಾಡಬೇಡಿ. ತೊಳೆದು ಬಿಸಿಲಿಗಿಟ್ಟರೆ ಸಂಜೆಯ ಚಹಾಕ್ಕೆ ಹುರಿದು ತಿನ್ನಬಹುದು.

ಗೇರುಬೀಜ

ಇಡೀ ಬೀಜಕ್ಕೆ ದುಡ್ಡು ಸುರಿಯಬೇಡಿ. ಅಂಗಡಿಯಲ್ಲಿ ಡಬ್ಲ್ಯು 320, ಡಬ್ಲ್ಯು 240 ಎಂದೆಲ್ಲ ಬರೆದಿರುವುದು ಗಾತ್ರದ ಲೆಕ್ಕ. ಒಂದು ಪೌಂಡಿಗೆ ಎಷ್ಟು ಬೀಜ ತೂಗುತ್ತದೆ ಎಂಬುದು ಆ ಸಂಖ್ಯೆ. ಸಂಖ್ಯೆ ಕಮ್ಮಿಯಾದಷ್ಟೂ ಬೀಜ ದೊಡ್ಡದು, ಕ್ರಯವೂ ದೊಡ್ಡದು. ಪಲ್ಯಕ್ಕೆ ಅದೆಲ್ಲ ಯಾಕೆ? ಸೀಳು ಅಥವಾ ತುಂಡು ಸಾಕು. ರುಚಿ ಅದೇ, ಅಗ್ಗ. ಹುರಿದು ಉಪ್ಪು ಹಾಕಿದ ಡಬ್ಬದ ಬೀಜ ಮಾತ್ರ ಬೇಡ, ಪಲ್ಯದ ಉಪ್ಪಿನ ಲೆಕ್ಕ ತಪ್ಪುತ್ತದೆ.

ಒಂದು ಚೂರು ಬಾಯಿಗೆ ಹಾಕಿ ನೋಡಿ. ಹಳೇ ಎಣ್ಣೆಯ ವಾಸನೆ ಬಂದರೆ ಹುರಿದರೂ ಹೋಗುವುದಿಲ್ಲ. ನಮ್ಮಲ್ಲಿ ಬೀಜದ ಕೊಯ್ಲು ಬೇಸಿಗೆಯಲ್ಲಿ ಮುಗಿಯುತ್ತದೆ. ತಿರುಳು ಮಾಡಿ ಇಟ್ಟದ್ದು ಮಳೆಗಾಲ ದಾಟುವಷ್ಟರಲ್ಲಿ ತೇವ ಹಿಡಿದಿರುತ್ತದೆ. ಗಾಳಿಯಾಡದ ಡಬ್ಬದಲ್ಲಿ ಹಾಕಿ ಫ್ರಿಜ್ಜಿನಲ್ಲಿಡಿ.

ಮನೆಯದ್ದೇ ಹಸಿಬೀಜ ಇದೆ ಎಂದು ಅಡುಗೆ ಒಲೆಯಲ್ಲಿ ಸುಡಲು ಹೋಗಬೇಡಿ. ಸಿಪ್ಪೆಯ ಎಣ್ಣೆ ಮೈಗೆ ತಾಗಿದರೆ ಸುಟ್ಟ ಗಾಯವೇ. ಚಿಕ್ಕಂದಿನಲ್ಲಿ ಅಂಗಳದ ಕೊನೆಗೆ ತೂತು ಮಾಡಿದ ಡಬ್ಬದಲ್ಲಿ ಬೀಜ ಸುಡುವಾಗ ನಮ್ಮನ್ನು ಹತ್ತಿರ ಬಿಡುತ್ತಿರಲಿಲ್ಲ. ಆದರೂ ಹೋಗಿ ನನ್ನ ಎಡಗೈ ಹೆಬ್ಬೆರಳಿನ ಚರ್ಮ ಒಂದು ವಾರ ಹಾವಿನ ಪೊರೆಯ ಹಾಗೆ ಎದ್ದು ಬಂದಿತ್ತು.

ಹುರಿಯುವುದು ಸುಲಭ. ಒಂದು ಚಮಚ ಎಣ್ಣೆ, ಸಣ್ಣ ಉರಿ, ಬಣ್ಣ ತಿರುಗಲು ಶುರುವಾದ ಕೂಡಲೇ ತೆಗೆದು ತಟ್ಟೆಗೆ ಹಾಕಿ. ಅದೇ ಬಾಣಲೆ ತೊಳೆಯದೆ ಮುಂದಿನ ಕೆಲಸಕ್ಕೆ ಇರಲಿ.

ಕಾಯಿತುರಿ ಹುರಿಯುವುದು: ಇಲ್ಲೇ ಎಲ್ಲರೂ ಎಡವುವುದು

ಪಲ್ಯದ ಅರ್ಧ ರುಚಿ ಇದರಲ್ಲಿದೆ. ಹತ್ತು ನಿಮಿಷ ಬೇಕು, ಹತ್ತೂ ನಿಮಿಷ ನೀವು ಬಾಣಲೆ ಎದುರೇ ಇರಬೇಕು. ಫೋನ್ ಬೇರೆ ಕೋಣೆಯಲ್ಲಿರಲಿ. ಒಂದು ಆಯುಧಪೂಜೆಯ ದಿನ ನಾನು ‘ಒಂದೇ ನಿಮಿಷ’ ಎಂದು ಕರೆ ತೆಗೆದುಕೊಂಡು ಜಗಲಿಗೆ ಹೋದೆ. ಬರುವಾಗ ಕಾಯಿ ಕಾಫಿಪುಡಿಯಾಗಿತ್ತು.

ಬೆಳೆದ ತೆಂಗಿನಕಾಯಿ ಆಗಬೇಕು. ಎಳೆಯದರಲ್ಲಿ ನೀರು ಜಾಸ್ತಿ, ಹುರಿದಷ್ಟೂ ಮುದ್ದೆಯಾಗುತ್ತದೆ. ಹೆರೆಮಣೆಯಲ್ಲಿ ತುರಿಯುವಾಗ ಬಿಳಿ ಮುಗಿದಲ್ಲಿಗೆ ನಿಲ್ಲಿಸಿ. ಕಂದು ಚರ್ಮ ಸೇರಿದರೆ ಬಣ್ಣ ನೋಡಿ ಹದ ಹೇಳುವುದು ಕಷ್ಟ. ಪ್ಯಾಕೆಟ್ಟಿನ ಒಣ ತುರಿಯಿಂದ ಆಗುವುದಿಲ್ಲವೇ ಎಂದು ಕೇಳುತ್ತಾರೆ. ಆಗುತ್ತದೆ, ಮರದ ಹೊಟ್ಟು ಹುರಿದರೂ ಕೆಂಪಾಗುತ್ತದೆ. ತೆಂಗಿನ ಬೆಳೆಗೆಂದೇ 1916ರಲ್ಲಿ ಸಂಶೋಧನಾ ಕೇಂದ್ರ ಶುರುವಾದ ಊರು ನಮ್ಮದು. ಇಲ್ಲಿ ಕೂತು ಪ್ಯಾಕೆಟ್ ತುರಿ ಹಾಕುವುದೆಂದರೆ ಸ್ವಲ್ಪ ನಾಚಿಕೆಯಾಗಬೇಕು.

ಬಾಣಲೆ ದಪ್ಪ ತಳದ್ದಿರಲಿ. ತೆಳು ಅಲ್ಯೂಮಿನಿಯಂನಲ್ಲಿ ನಡುವೆ ಕರಿ, ಬದಿಯಲ್ಲಿ ಬಿಳಿ. ಒಂದು ಚಮಚ ಎಣ್ಣೆ ಹಾಕಿ, ತುರಿ ಹಾಕಿ, ಉರಿಯನ್ನು ನಡುವಿಗಿಂತ ಕೆಳಗಿಡಿ. ಇನ್ನು ಕೈ ನಿಲ್ಲಿಸುವಂತಿಲ್ಲ.

ಮೊದಲ ಮೂರು ನಾಲ್ಕು ನಿಮಿಷ ಏನೂ ಆಗುವುದಿಲ್ಲ. ತುರಿ ಒದ್ದೆಯಾಗಿ ಅಂಟಿಕೊಂಡಿರುತ್ತದೆ, ಆವಿ ಏಳುತ್ತದೆ, ಸುರ್ ಎಂಬ ಸದ್ದು. ಇಲ್ಲಿ ತಾಳ್ಮೆ ಕೆಟ್ಟು ಉರಿ ಏರಿಸುತ್ತಾರೆ. ಏರಿಸಬೇಡಿ. ಈಗ ಹೋಗುತ್ತಿರುವುದು ನೀರು. ನೀರು ಇರುವಷ್ಟು ಹೊತ್ತು ಬಣ್ಣ ಬರುವುದಿಲ್ಲ. ಉರಿ ಜಾಸ್ತಿಯಾದರೆ ಹೊರಗೆ ಸುಡುತ್ತದೆ, ಒಳಗೆ ಹಸಿ.

ಆಮೇಲೆ ಸದ್ದು ಸಣ್ಣದಾಗುತ್ತದೆ. ಕಿವಿ ಕೊಟ್ಟರೆ ಗೊತ್ತಾಗುತ್ತದೆ. ತುರಿ ಬಿಡಿಬಿಡಿಯಾಗಿ, ಸಟ್ಟುಗದಿಂದ ಎತ್ತಿದರೆ ಹೊಯಿಗೆಯ (ಮರಳಿನ) ಹಾಗೆ ಜಾರುತ್ತದೆ. ಇದು ಗಡಿ. ಇಲ್ಲಿಂದ ಮುಂದೆ ನಿಮಿಷದ ಲೆಕ್ಕವಲ್ಲ, ಸೆಕೆಂಡಿನದ್ದು. ಉರಿ ಇನ್ನೂ ತಗ್ಗಿಸಿ. ಎಳ್ಳು ಹಾಕುವುದಾದರೆ ಈಗ.

ಹಸಿ ತೆಂಗಿನ ಪರಿಮಳ ಹೋಗಿ ಚಿಕ್ಕಿಯ ಹಾಗಿನ ಪರಿಮಳ ಬರುತ್ತದೆ. ತುದಿಗಳು ಮೊದಲು ಕೆಂಪಾಗುತ್ತವೆ, ಮತ್ತೆ ಮೈ. ಒಟ್ಟು ನೋಡುವಾಗ ಮಾಗಿದ ಭತ್ತದ ತೆನೆಯ ಬಣ್ಣ ಕಂಡಿತೋ, ಒಲೆ ಆರಿಸಿ. ‘ಇನ್ನೂ ಸ್ವಲ್ಪ ಕೆಂಪಾಗಲಿ’ ಎಂದು ನಿಂತವರು ಕೆಟ್ಟರು. ಬಾಣಲೆಯ ಬಿಸಿಯೇ ಅದನ್ನು ಇನ್ನೊಂದು ಬಣ್ಣಕ್ಕೆ ಒಯ್ಯುತ್ತದೆ. ಒಲೆ ಆರಿಸಿದರಷ್ಟೇ ಸಾಲದು, ಕೂಡಲೇ ಅಗಲದ ತಟ್ಟೆಗೆ ಸುರಿದು ಹರಡಿ. ಈ ಕೊನೆಯ ಕೆಲಸ ಬಿಟ್ಟದ್ದಕ್ಕೇ ಎಷ್ಟೋ ಜನರ ಕಾಯಿ ಕಹಿಯಾಗುವುದು.

ಎರಿಶ್ಶೇರಿಗೆ ಇದಕ್ಕಿಂತ ಗಾಢವಾಗಿ ಹುರಿಯುವವರಿದ್ದಾರೆ. ಅದಕ್ಕೆ ಸರಿ. ಬೆಲ್ಲ ಬೀಳುವ ಪಲ್ಯಕ್ಕೆ ಹೊಂಬಣ್ಣವೇ ಚಂದ. ಸುಟ್ಟುಹೋದರೆ ‘ಬೆಲ್ಲದಲ್ಲಿ ಮುಚ್ಚಿಹೋಗುತ್ತದೆ’ ಎಂದು ಹಾಕಬೇಡಿ. ಹೋಗುವುದಿಲ್ಲ. ಇನ್ನರ್ಧ ಕಾಯಿ ಇದೆಯಲ್ಲ, ಅದನ್ನು ತುರಿಯಿರಿ.

ಬೇಯಿಸುವುದು

ಉಳಿದ ಎರಡು ಚಮಚ ಎಣ್ಣೆಯಲ್ಲಿ ಒಗ್ಗರಣೆ ಮಾಡಿ, ಹೋಳು, ಉಪ್ಪು, ಅರಿಶಿನ, ಸೀಳಿದ ಗಾಂಧಾರಿ ಹಾಕಿ ಒಮ್ಮೆ ತಿರುವಿ.

ನೀರು ಬೇಡ. ಒಂದು ಲೋಟವೂ ಬೇಡ, ‘ತಳ ಹಿಡಿಯದ ಹಾಗೆ ಸುಮ್ನೆ ಚೂರು’ ಕೂಡ ಬೇಡ. ಚೀನಿಕಾಯಿಯಲ್ಲಿ ನೂರಕ್ಕೆ 90 ಪಾಲು ನೀರೇ. ಅರ್ಧ ಕಿಲೋ ಹೋಳು ಹಾಕಿದ್ದೀರೆಂದರೆ ಸುಮಾರು 450 ಗ್ರಾಂ ನೀರನ್ನು ಆಗಲೇ ಹಾಕಿದ್ದೀರಿ. ಉಪ್ಪು ಮೊದಲೇ ಹಾಕುವುದು ಆ ನೀರನ್ನು ಹೊರಗೆಳೆಯಲಿಕ್ಕೆ.

ಮುಚ್ಚಳದ ಬದಲು ಗುಂಡಿ ಇರುವ ತಟ್ಟೆ ಮುಚ್ಚಿ, ಅದರ ಮೇಲೆ ಒಂದು ಲೋಟ ತಣ್ಣೀರು ಹೊಯ್ಯಿರಿ. ಅಜ್ಜಿಯಂದಿರ ಉಪಾಯ. ಒಳಗಿನ ಆವಿ ತಣ್ಣನೆಯ ತಟ್ಟೆಗೆ ತಾಗಿ ಹನಿಯಾಗಿ ಮತ್ತೆ ಪಲ್ಯಕ್ಕೇ ಬೀಳುತ್ತದೆ. ತಳವೂ ಹಿಡಿಯುವುದಿಲ್ಲ, ಹೋಳೂ ಕರಗುವುದಿಲ್ಲ. ತಟ್ಟೆಯ ನೀರನ್ನು ಕೊನೆಗೆ ಪಲ್ಯಕ್ಕೆ ಹೊಯ್ಯುವವರನ್ನು ನೋಡಿದ್ದೇನೆ. ಅಷ್ಟು ಹೊತ್ತು ಕಾದದ್ದು ಯಾಕೆ ಮತ್ತೆ?

ಸಣ್ಣ ಉರಿಯಲ್ಲಿ ಎಂಟು ಹತ್ತು ನಿಮಿಷ. ನಡುವೆ ಒಂದೇ ಸಲ ತೆಗೆದು, ಸಟ್ಟುಗ ಆಡಿಸದೆ ಬಾಣಲೆಯನ್ನೇ ಹಿಡಿದು ಕುಲುಕಿ. ಚೂರಿಯ ತುದಿ ಇಳಿಯಬೇಕು, ಆದರೆ ಹೋಳನ್ನು ಎತ್ತಿದರೆ ಚೂರಿಯಲ್ಲೇ ನಿಲ್ಲಬೇಕು. ಜಾರಿ ಬಿದ್ದು ಒಡೆದರೆ ತಡವಾಯಿತು.

ಕುಕ್ಕರ್ ಬಗ್ಗೆ ಕೇಳಬೇಡಿ. ಒಂದು ಸೀಟಿಗೂ ಹೋಳು ಉಳಿಯುವುದಿಲ್ಲ.

ಬೆಲ್ಲ

ಹೋಳು ಬೆಂದ ಮೇಲೆಯೇ ಹಾಕಿ. ಮೊದಲೇ ಹಾಕಿದರೆ ಹೋಳು ಮೆತ್ತಗಾಗುವುದು ನಿಧಾನವಾಗುತ್ತದೆ, ಅರೆಬೆಂದದ್ದು ಹಾಗೆಯೇ ಗಟ್ಟಿಯಾಗಿ ನಿಂತುಬಿಡುತ್ತದೆ. ಪುಡಿ ಮಾಡಿ ಉದುರಿಸಿದರೆ ಕರಗಿ ಸ್ವಲ್ಪ ನೀರಾಗುತ್ತದೆ. ಹೆದರಬೇಡಿ. ತಟ್ಟೆ ತೆಗೆದು ಎರಡು ನಿಮಿಷ ಬಿಟ್ಟರೆ ಪಾಕವಾಗಿ ಹೋಳಿಗೆ ಅಂಟಿಕೊಳ್ಳುತ್ತದೆ. ಓಲೆಬೆಲ್ಲ (ತಾಳೆಬೆಲ್ಲ) ಸಿಕ್ಕಿದರೆ ಅದೇ ಹಾಕಿ, ಅದರ ಹೊಗೆವಾಸನೆ ಗೇರುಬೀಜಕ್ಕೆ ಬಹಳ ಹೊಂದುತ್ತದೆ. ಥಳಥಳ ಹಳದಿ ಬೆಲ್ಲ ಬೇಡ. ಸಕ್ಕರೆ ಖಂಡಿತ ಬೇಡ. ಚೀನಿಕಾಯಿಯೇ ತುಂಬ ಸಿಹಿ ಇದ್ದರೆ ಬೆಲ್ಲ ಅರ್ಧ ಸಾಕು. ಒಂದು ಹೋಳು ತಿಂದು ನೋಡಿ ಆಮೇಲೆ ಅಳೆಯಿರಿ.

ಸೇರಿಸುವುದು

ಒಲೆ ಆರಿಸಿ. ಹುರಿದ ಕಾಯಿಯ ಮುಕ್ಕಾಲು ಪಾಲು ಹಾಕಿ ಮೆಲ್ಲ ತಿರುವಿ. ಉಳಿದ ಕಾಲು ಪಾಲು ಮತ್ತು ಗೇರುಬೀಜ ಬಡಿಸುವ ಹೊತ್ತಿಗೆ ಮೇಲಿಂದ. ಮೊದಲೇ ಹಾಕಿದರೆ ಅರ್ಧ ಗಂಟೆಯಲ್ಲಿ ಬೀಜ ಮೆತ್ತಗಾಗಿ ಬೇಯಿಸಿದ ಕಡಲೆಯ ಹಾಗಾಗುತ್ತದೆ. ನಮ್ಮ ಕಡೆ ಹಬ್ಬದ ಊಟ ಹೇಳಿದ ಹೊತ್ತಿಗೆ ಶುರುವಾಗುವುದು ಅಪರೂಪ ಅಲ್ವಾ? ಹಾಗಾಗಿ ಬೀಜವನ್ನು ಡಬ್ಬದಲ್ಲೇ ಇಟ್ಟು, ಎಲೆ ಹಾಕಿದ ಮೇಲೆ ಮುಚ್ಚಳ ತೆಗೆಯಿರಿ.

ಕುಚ್ಚಲಕ್ಕಿ ಅನ್ನ, ಒಳ್ಳೆ ಖಾರದ ಸಾರು, ಪಕ್ಕದಲ್ಲಿ ಈ ಪಲ್ಯ. ಸಿಹಿ ಮಜ್ಜಿಗೆಹುಳಿ ಇದ್ದ ದಿನ ಇದನ್ನು ಮಾಡಬೇಡಿ, ಎರಡು ಸಿಹಿ ಒಂದೇ ಎಲೆಯಲ್ಲಿ ಜಗಳವಾಡುತ್ತವೆ.

ಉಳಿದರೆ ಮರುದಿನ ಬಿಸಿ ಮಾಡಬೇಡಿ, ಹುರಿದ ಕಾಯಿ ಒದ್ದೆ ಹತ್ತಿಯಂತಾಗಿರುತ್ತದೆ. ಮಸೆದು ದೋಸೆ ಹಿಟ್ಟಿಗೆ ಕಲಸಿ, ದಪ್ಪಕ್ಕೆ ಹೊಯ್ದು, ಮುಚ್ಚಿ ಬೇಯಿಸಿ, ತುಪ್ಪ ಹಾಕಿ. ಗೇರುಬೀಜ ಆ ದೋಸೆಗೆ ಸಿಗುವುದಿಲ್ಲ. ಅದನ್ನು ರಾತ್ರಿಯೇ ಮಕ್ಕಳು ಆರಿಸಿ ತಿಂದಿರುತ್ತಾರೆ.