ನಡೆದಾಡುವ ಷಡ್ಜ

ನಮ್ಮ ನಾಲ್ವರ ಗುಂಪಿನ ಬಾಸ್ (ತೀರಾ ಕೆಳದನಿಯ) ಗಾಯಕರು ಶ್ರುತಿ ನೋಡುವ ಟ್ಯೂನಿಂಗ್ ಫೋರ್ಕನ್ನು ಮೊಣಕಾಲಿಗೆ ತಟ್ಟಿ, ಅದರ ಬುಡವನ್ನು ಅಡುಗೆಮನೆಯ ಮೇಜಿಗೆ ಒತ್ತಿದರು. ಮೇಜಿನ ಹಲಗೆ ಸಣ್ಣಗೆ ಗುಂಯ್‌ಗುಟ್ಟಿತು. ವಿಲಿಯಂ ಬರ್ಡ್ ನಾಲ್ಕು ಕಂಠಕ್ಕೆ ಬರೆದ ಮಾಸ್‌ನ, ಅಂದರೆ ಕ್ಯಾಥೊಲಿಕ್ ಪೂಜೆಯ ಹಾಡುಗಳ, ಕೊನೆಯ ಭಾಗ ‘ಆನ್ಯುಸ್ ದೇಯಿ’ಯನ್ನು ಆಗಷ್ಟೇ ಹಾಡಿ ಮುಗಿಸಿದ್ದೆವು. ಹಾಡುವಾಗ ಎಲ್ಲೂ ಅಪಸ್ವರ ಕೇಳಿಸಿರಲಿಲ್ಲ. ಕೊನೆಯ ಕಾರ್ಡ್, ಅಂದರೆ ಎಲ್ಲರೂ ಒಟ್ಟಿಗೆ ಹಿಡಿದ ಸ್ವರಗುಚ್ಛ, ಅಂತೂ ತಿಳಿನೀರಿನ ಹಾಗಿತ್ತು. ಆದರೆ ಮೇಜಿನಿಂದ ಬರುತ್ತಿದ್ದ ಸ್ವರದ ಪ್ರಕಾರ, ನಾವು ಶುರು ಮಾಡಿದ ಜಾಗಕ್ಕಿಂತ ಹೆಚ್ಚುಕಡಿಮೆ ಅರ್ಧ ಸ್ವರ ಕೆಳಗೆ ಬಂದು ನಿಂತಿದ್ದೆವು. ನಾಲ್ವರೂ ಸ್ವಲ್ಪ ಹೊತ್ತು ಮಾತಾಡಲಿಲ್ಲ. ತಂಬೂರಿ ಪಕ್ಕದಲ್ಲಿಟ್ಟುಕೊಂಡು ಹದಿನೈದು ವರ್ಷ ಹಾಡಿದವಳು ನಾನು. ಶ್ರುತಿ ಜಾರಿದ್ದು ನನಗೇ ತಿಳಿಯಲಿಲ್ಲ ಅನ್ನುವುದು ಅವತ್ತು ರಾತ್ರಿ ನಿದ್ದೆ ಕೆಡಿಸಿತು.

ನಾನು ಶಿವಮೊಗ್ಗದವಳು. ಸೋದರತ್ತೆಯ ಹತ್ತಿರ ಕರ್ನಾಟಕ ಸಂಗೀತ ಕಲಿತೆ. ಪ್ರಯೋಗಾಲಯದಲ್ಲಿ ಕೆಲಸ ಸಿಕ್ಕಿ ಸ್ವಿಟ್ಜರ್ಲೆಂಡಿನ ಬಾಸೆಲ್‌ಗೆ ಬಂದೆ. ಯುರೋಪಿನ ಹಳೆಯ ಸಂಗೀತವನ್ನು ಆಯಾ ಕಾಲದ ಪದ್ಧತಿಯಲ್ಲೇ ಕಲಿಸುವ ಸ್ಕೋಲಾ ಕಾಂಟೋರುಮ್ ಎಂಬ ಶಾಲೆ ಈ ಊರಲ್ಲಿ 1933ರಿಂದ ಇದೆ. ನಮ್ಮ ನಾಲ್ವರಲ್ಲಿ ಯಾರೂ ಅಲ್ಲಿ ಓದಿದವರಲ್ಲ, ಆದರೆ ಊರಿನ ಗಾಳಿಯಲ್ಲೇ ಆ ಸಂಗೀತ ಇದೆ. ಎಲ್ಲಕ್ಕಿಂತ ಮೇಲಿನ ದನಿ ಸೊಪ್ರಾನೊ ಹಾಡುವವಳು ಪ್ರಾಥಮಿಕ ಶಾಲೆಯ ಟೀಚರ್. ಗಂಡಸರ ಮೇಲಿನ ದನಿ ಟೆನರ್ ಹಾಡುವವನು ನನ್ನ ಸಹೋದ್ಯೋಗಿ. ಬಾಸ್ ಗಾಯಕರು ಚರ್ಚುಗಳ ಕೊಳವೆವಾದ್ಯ ಆರ್ಗನ್ ರಿಪೇರಿ ಮಾಡಿ ನಿವೃತ್ತರಾದವರು. ಈ ಮೂವರ ಜೊತೆಗಿದ್ದ ಆಲ್ಟೊ (ಹೆಂಗಸರ ಕೆಳಗಿನ ದನಿಯ) ಗಾಯಕಿ ಬೇರೆ ಊರಿಗೆ ಹೋದಾಗ ಸಹೋದ್ಯೋಗಿ ನನ್ನನ್ನು ಕೇಳಿದ. ನಮ್ಮಲ್ಲಿ ಹೆಣ್ಣುಮಕ್ಕಳು ಐದು ಮನೆ ಶ್ರುತಿಗೆ, ತುಂಬು ಎದೆಯ ದನಿಯಲ್ಲಿ ಹಾಡುತ್ತೇವಲ್ಲ, ಆಲ್ಟೊ ಭಾಗ ಬಹುಪಾಲು ಓಡಾಡುವುದು ಅದೇ ಜಾಗದಲ್ಲಿ. ಕಂಠಕ್ಕೆ ಏನೂ ಕಷ್ಟವಾಗಲಿಲ್ಲ. ಕಷ್ಟವಾದದ್ದು ಕಿವಿಗೆ.

ಮೊದಲ ತಿಂಗಳು ಪೂರ್ತಿ ಗಮಕ, ಅಂದರೆ ಸ್ವರವನ್ನು ತೂಗಿ ಅಲುಗಿಸುವುದನ್ನು, ಬಿಡಿಸಿಕೊಳ್ಳುವುದರಲ್ಲೇ ಹೋಯಿತು. ಶಂಕರಾಭರಣದ ಗಾಂಧಾರವನ್ನು ಮಧ್ಯಮದತ್ತ ತೂಗದೆ ಹಾಡಿ ಗೊತ್ತಿರಲಿಲ್ಲ. ಇಲ್ಲಿ ಅದನ್ನು ಗೋಡೆಗೆ ಹೊಡೆದ ಮೊಳೆಯ ಹಾಗೆ ನಿಲ್ಲಿಸಬೇಕು. ನಾನು ನಿಲ್ಲಿಸಿದ್ದೇನೆ ಅಂದುಕೊಂಡಿದ್ದರೂ ಸ್ವರದ ಬಾಲದಲ್ಲಿ ಒಂದು ಸಣ್ಣ ಕಂಪಿತ ಉಳಿಯುತ್ತಿತ್ತು. ಅದು ತಪ್ಪಿಹೋಗಲೆಂದು ಮತ್ತೆ ಮಾಯಾಮಾಳವಗೌಳದ ಸರಳೆ ವರಸೆಗೆ ಹೋದೆ. ಏಳು ವರ್ಷದವಳಿದ್ದಾಗ ಅಲ್ಲಿ ಅಂತರ ಗಾಂಧಾರವನ್ನು ನೇರ ನಿಲ್ಲಿಸುತ್ತಿದ್ದೆವಲ್ಲ, ಆ ಸ್ವರ ನನಗೆ ಬೇಕಾಗಿತ್ತು. ಏ, ಓದಂಥ ಸ್ವರಾಕ್ಷರಗಳ ಉಚ್ಚಾರದ ವಿಷಯದಲ್ಲಿ ಮಾತ್ರ ಕನ್ನಡ ದೊಡ್ಡ ಉಪಕಾರ ಮಾಡಿತು. ನಮ್ಮ ಏ, ಓ ಕೊನೆತನಕ ಒಂದೇ ಬಾಯಲ್ಲಿ ನಿಲ್ಲುತ್ತವೆ, ನಡುವೆ ಬೇರೆ ಸ್ವರಾಕ್ಷರಕ್ಕೆ ಹೊರಳುವುದಿಲ್ಲ. ಲ್ಯಾಟಿನ್‌ಗೆ ಬೇಕಾದದ್ದೂ ಅದೇ. ನಾಲ್ವರ ಬಾಯಲ್ಲಿ ‘ಎ’ ನಾಲ್ಕು ಥರ ಇದ್ದರೆ ಶ್ರುತಿ ಎಷ್ಟು ಸರಿಯಿದ್ದರೂ ಕಾರ್ಡ್ ಕೂಡಿಕೊಳ್ಳುವುದಿಲ್ಲ.

ತಂಬೂರಿಯ ಮಂದ್ರದ ತಂತಿ ಚೆನ್ನಾಗಿ ಕೂತಾಗ ಅದರೊಳಗಿಂದ ಗಾಂಧಾರ ತಾನಾಗಿ ಕೇಳಿಸುವುದು ಸಂಗೀತ ಕಲಿತವರಿಗೆಲ್ಲ ಗೊತ್ತು. ಸ್ವಯಂಭು ಗಾಂಧಾರ ಅನ್ನುತ್ತೇವೆ. ಷಡ್ಜದ ಕಂಪನಕ್ಕೂ ಅದರದಕ್ಕೂ 5/4ರ ಸಂಬಂಧ, ಸೆಂಟ್ ಲೆಕ್ಕದಲ್ಲಿ (ಅರ್ಧ ಸ್ವರಕ್ಕೆ ನೂರು ಸೆಂಟ್) 386. ಪಿಯಾನೋದ ಗಾಂಧಾರ 400 ಸೆಂಟ್, ಅಂದರೆ 14 ಸೆಂಟ್ ಎತ್ತರ. ಅತ್ತೆ ಜೀವಾಳದ ದಾರವನ್ನು ಕೂದಲೆಳೆಯಷ್ಟು ಸರಿಸಿ, ‘ಮೊದಲು ಕೇಳೇ, ಆಮೇಲೆ ಬಾಯಿ ತೆಗಿ’ ಅನ್ನುತ್ತಿದ್ದರು. ಹಾಗೆ ಕೇಳಿದ ಗಾಂಧಾರವೇ ರಿನೈಸಾನ್ಸ್ (ಬರ್ಡ್‌ನಂಥವರ, ಹದಿನೈದು-ಹದಿನಾರನೇ ಶತಮಾನದ) ಹಾಡುಗಳಿಗೆ ಬೇಕಾದದ್ದು. ಬಾಸ್ ಷಡ್ಜ ಹಿಡಿದು, ಟೆನರ್ ಪಂಚಮ ಸೇರಿಸಿದಾಗ ನಾನು ಆ ಗಾಂಧಾರವನ್ನು ಇಟ್ಟರೆ, ದನಿಗಳ ನಡುವಿನ ನಡುಕ ನಿಂತು ಅಡುಗೆಮನೆಯ ಗಾಳಿಯೇ ಸ್ತಬ್ಧವಾದಂತಾಗುತ್ತಿತ್ತು. ಟೆನರ್ ಕಣ್ಣರಳಿಸಿ ನೋಡುತ್ತಿದ್ದ. ಇದೊಂದು ನನಗೆ ಬರುತ್ತದೆ ಎಂದು ಧೈರ್ಯವಾಗಿದ್ದೆ. ಆಗ ಬಂತು ಆ ಟ್ಯೂನಿಂಗ್ ಫೋರ್ಕಿನ ಸಂಜೆ.

ಕಾರಣ ಹುಡುಕಲು ಎರಡು ವಾರ ಬೇಕಾಯಿತು. ತಪ್ಪು ಇದ್ದದ್ದು ನಾವು ಶುದ್ಧವಾಗಿ ಹಾಡುತ್ತಿದ್ದುದರಲ್ಲೇ! ಬಾಸ್ ಗಾಯಕರು ಆರ್ಗನ್ ಶ್ರುತಿ ಮಾಡಿ ಪಳಗಿದವರು, ಕಾಗದದ ಮೇಲೆ ತೋರಿಸಿದರು. ನಾನು ಅದನ್ನು ನಮ್ಮ ಸ್ವರಗಳಲ್ಲಿ ಬರೆದುಕೊಂಡೆ. ಬಾಸ್ ಸ, ಧ, ರಿ, ಪ, ಸ ಎಂದು ನಡೆಯುತ್ತದೆ ಅಂದುಕೊಳ್ಳಿ. ಪ್ರತಿ ಹೆಜ್ಜೆಯಲ್ಲೂ ಹಿಂದಿನ ಕಾರ್ಡಿನಿಂದ ಒಂದು ಸ್ವರವನ್ನು ಯಾರೋ ಒಬ್ಬರು ಹಿಡಿದಿರುತ್ತಾರೆ, ಉಳಿದವರು ಅದಕ್ಕೆ ಹೊಂದಿಕೊಳ್ಳುತ್ತಾರೆ. ಸ-ಗಗಳಿಗೆ ಶುದ್ಧವಾಗಿ ಹೊಂದಿಸಿದ ಧೈವತ 5/3. ಆ ಧೈವತಕ್ಕೆ ಶುದ್ಧವಾಗಿ ಹೊಂದಿಸಿದ ರಿಷಭ 10/9. ತಂಬೂರಿಯ ಪಂಚಮಕ್ಕೆ ಹೊಂದುವ ರಿಷಭವೋ 9/8. ನಾವು 10/9ರ ರಿಷಭವನ್ನೇ ಗಟ್ಟಿಯಾಗಿ ಹಿಡಿದುಕೊಂಡು ಅದಕ್ಕೆ ಪಂಚಮ ಹೊಂದಿಸುತ್ತೇವೆ. ಪಂಚಮ ತುಸು ಇಳಿಯುತ್ತದೆ, ಅದರ ಹಿಂದೆಯೇ ಷಡ್ಜವೂ. ಒಂದು ಸುತ್ತಿಗೆ 81/80ರಷ್ಟು, ಅಂದರೆ ಸುಮಾರು 22 ಸೆಂಟ್ ನಷ್ಟ. ಇಂಥ ಐದು ಸುತ್ತು ಆದರೆ ಅರ್ಧ ಸ್ವರ ಪೂರ್ತಿ ಹೋಯಿತು. ನಮ್ಮ ವಿದ್ವಾಂಸರು ಪ್ರಮಾಣ ಶ್ರುತಿಯನ್ನು ಇದೇ 81/80 ಎಂದು ಲೆಕ್ಕ ಹಾಕುತ್ತಾರೆ. ಇಪ್ಪತ್ತೆರಡು ಶ್ರುತಿಗಳ ಪಟ್ಟಿಯನ್ನು ಪರೀಕ್ಷೆಗೆಂದು ಬಾಯಿಪಾಠ ಮಾಡಿದ್ದೆ. ಅದರೊಳಗಿನ ಪ್ರಮಾಣ ಶ್ರುತಿ ಕಾಲ ಕೆಳಗಿನ ನೆಲ ಜಾರಿಸುವುದನ್ನು ನೋಡಿದ್ದು ಆಗಲೇ.

ತಂಬೂರಿ ಇದ್ದಿದ್ದರೆ ಹೀಗಾಗುತ್ತಿರಲಿಲ್ಲ. ನಮ್ಮಲ್ಲಿ ಷಡ್ಜ ಕದಲುವುದಿಲ್ಲ, ಎಲ್ಲ ಸ್ವರವೂ ಅದಕ್ಕೇ ಲೆಕ್ಕ ಒಪ್ಪಿಸಬೇಕು. ಇಲ್ಲಿ ಪ್ರತಿ ಕಾರ್ಡಿಗೂ ಅದರದೇ ಷಡ್ಜ. ಅದು ಬಾಸ್ ಜೊತೆ ಹೆಜ್ಜೆ ಹಾಕುತ್ತದೆ. ಎಲೆಕ್ಟ್ರಾನಿಕ್ ಶ್ರುತಿಪೆಟ್ಟಿಗೆಯನ್ನು ಅಭ್ಯಾಸಕ್ಕೆ ಒಯ್ದು ನೋಡಿದೆ. ಬರ್ಡ್‌ಗೆ ಅದು ಸಹಾಯಕ್ಕಿಂತ ತೊಂದರೆಯನ್ನೇ ಮಾಡಿತು. ನಿಂತ ಷಡ್ಜಕ್ಕೂ ನಡೆಯುವ ಷಡ್ಜಕ್ಕೂ ಜಗಳ. ಕೊನೆಗೆ ನಾವು ಮಾಡಿದ್ದು ಇಷ್ಟು: ಹಾಡನ್ನು ಬದಿಗಿಟ್ಟು ಆ ನಾಲ್ಕು ಹೆಜ್ಜೆಯನ್ನೇ ದಿನಾ ಇಪ್ಪತ್ತು ನಿಮಿಷ ಹಾಡಿದೆವು. ರಿಷಭ ಹಿಡಿದವರು ಕಾರ್ಡ್ ಬದಲಾಗುವ ಹೊತ್ತಿಗೆ ಅದನ್ನು ಕೂದಲೆಳೆಯಷ್ಟು ಮೇಲೆ ಬಿಡಬೇಕು. ಅದೇ ಸ್ವರ, ಅದೇ ಅಕ್ಷರ, ಕಾಗದದ ಮೇಲೆ ಒಂದೇ ಚುಕ್ಕೆ, ಆದರೂ ಎರಡು ಜಾಗ. ಮೇಲೆ ಬಿಡಬೇಕಾದ ಕಡೆಯಲ್ಲೆಲ್ಲ ಪೆನ್ಸಿಲ್‌ನಲ್ಲಿ ಸಣ್ಣ ಬಾಣ ಹಾಕಿಕೊಂಡೆವು. ಮೂರು ತಿಂಗಳಾದ ಮೇಲೆ ‘ಆನ್ಯುಸ್ ದೇಯಿ’ ಶುರುವಾದ ಜಾಗದಲ್ಲೇ ಮುಗಿಯತೊಡಗಿತು.

ಬರ್ಡ್ ಈ ಮಾಸ್ ಬರೆದದ್ದು 1592ರ ಸುಮಾರಿಗೆ, ಇಂಗ್ಲೆಂಡಿನಲ್ಲಿ ಕ್ಯಾಥೊಲಿಕ್ ಪೂಜೆ ನಿಷಿದ್ಧವಾಗಿದ್ದ ಕಾಲದಲ್ಲಿ. ಮುಖಪುಟವೂ ಇಲ್ಲದೆ ಅಚ್ಚಾಯಿತು. ಮನೆಗಳಲ್ಲಿ ಬಾಗಿಲು ಹಾಕಿಕೊಂಡು, ಸಿಕ್ಕಿದ ನಾಲ್ಕೈದು ಜನ ಹಾಡಲೆಂದು ಬರೆದದ್ದು. ದೊಡ್ಡ ಕಾಯರ್‌ಗಳು (ಗಾಯನವೃಂದಗಳು) ಹಾಡಿದ್ದನ್ನು ಕೇಳಿದ್ದೇನೆ, ಸುಂದರವಾಗಿಯೇ ಇರುತ್ತದೆ. ಆದರೆ ‘ದೋನಾ ನೋಬಿಸ್ ಪಾಚೆಂ’, ಅಂದರೆ ನಮಗೆ ಶಾಂತಿ ಕೊಡು ಎನ್ನುವಲ್ಲಿ ಒಂದರ ಮೇಲೊಂದು ಸ್ವರ ಉಜ್ಜಿಕೊಂಡು ಬರುವಾಗ, ಪಕ್ಕದವರ ಷಡ್ಜಕ್ಕೆ ನನ್ನ ರಿಷಭ ತಾಗಿ ಉರಿಯುವಾಗ, ಒಂದು ಭಾಗಕ್ಕೆ ಒಂದೇ ಕಂಠ ಇದ್ದರೇ ಅದರ ನೋವು ತಿಳಿಯುತ್ತದೆ ಎಂದು ನನಗನ್ನಿಸುತ್ತದೆ. ಅಲ್ಲಿ ಅಡಗಿಕೊಳ್ಳಲು ಯಾರ ಬೆನ್ನೂ ಇರುವುದಿಲ್ಲ.

ಮಧ್ಯಯುಗಕ್ಕೆ ಹೋದಾಗ ಇಷ್ಟು ಕಷ್ಟಪಟ್ಟು ಗಳಿಸಿದ ಗಾಂಧಾರವನ್ನು ಬಿಟ್ಟುಕೊಡಬೇಕಾಯಿತು. ಗಿಯೋಮ್ ದ ಮಾಷೋ 1360ರ ದಶಕದ ಹೊತ್ತಿಗೆ ಫ್ರಾನ್ಸಿನ ರ‍್ಯಾನ್ಸ್ ನಗರದ ಕೆಥೆಡ್ರಲ್‌ಗಾಗಿ ಬರೆದ ‘ಮೆಸ್ ದ ನೋಸ್ತ್ರ ದಾಮ್’ ನಾಲ್ಕು ಕಂಠದ ಮಾಸ್. ಆ ಕಾಲದ ಶ್ರುತಿಲೆಕ್ಕದಲ್ಲಿ ಶುದ್ಧವಾಗಿರಬೇಕಾದದ್ದು ಪಂಚಮ. ಪಂಚಮದ ಮೇಲೆ ಪಂಚಮ ಪೇರಿಸುತ್ತಾ ಹೋದರೆ ಸಿಗುವ ಗಾಂಧಾರ 81/64, ಅಂದರೆ 408 ಸೆಂಟ್. ತಂಬೂರಿಯಲ್ಲಿ ಬೆಳೆದ ಕಿವಿಗೆ ಅದು ತೀರಾ ಏರು. ಮೊದಮೊದಲು ಹಲ್ಲು ಕಚ್ಚಿ ಹಾಡಿದೆ. ಆಮೇಲೆ ಆ ಹಾಡಿನ ನಿಲುಗಡೆಗಳಲ್ಲಿ ಅರ್ಥ ಹೊಳೆಯಿತು. ಅಲ್ಲಿ ಒಂದು ದನಿ ರಿಷಭದಿಂದ ಷಡ್ಜಕ್ಕೆ ಇಳಿಯುವಾಗ, ಇನ್ನೊಂದು ಪ್ರತಿಮಧ್ಯಮದಿಂದ ಪಂಚಮಕ್ಕೆ, ಮತ್ತೊಂದು ಕಾಕಲಿ ನಿಷಾದದಿಂದ ಮೇಲಿನ ಷಡ್ಜಕ್ಕೆ ಏರುತ್ತದೆ. ಆ ಮಧ್ಯಮ, ನಿಷಾದಗಳನ್ನು ಎಷ್ಟು ಏರಿಸಿ ಬಿಗಿದರೆ ಅಷ್ಟು ಹಸಿವಿನಿಂದ ಅವು ಮುಂದಿನ ಸ್ವರಕ್ಕೆ ಬೀಳುತ್ತವೆ. ಕಲ್ಯಾಣಿಯ ಮಧ್ಯಮ ಪಂಚಮದ ಬಾಗಿಲಲ್ಲಿ ಕಾಯುವುದನ್ನು ಕೇಳಿದವರಿಗೆ ಇದು ಹೊಸದಲ್ಲ. ಏರಿದ ಗಾಂಧಾರ ಅಲ್ಲಿ ತಂಗುವ ಸ್ವರವಲ್ಲ, ದಾಟುವ ಸ್ವರ. ಇದು ಗೊತ್ತಾದ ಮೇಲೆ ಹಲ್ಲು ಕಚ್ಚುವುದು ಬಿಟ್ಟೆ.

ಮಾಷೋನ ಮಾಸ್‌ನ ಮೊದಲ ಭಾಗ ‘ಕಿರಿಯೆ’ಯಲ್ಲಿ ಹಾಕೆಟ್ ಎಂಬ ಇನ್ನೊಂದು ಪಾಡು ಇದೆ. ಒಬ್ಬರು ಸ್ವರ ಹಾಡಿದಾಗ ಇನ್ನೊಬ್ಬರು ಸುಮ್ಮನಿರಬೇಕು, ಮರುಕ್ಷಣ ಅದಲುಬದಲು. ಮೃದಂಗದ ಜತಿ ಹೇಳಿ ಅಭ್ಯಾಸವಿದ್ದವಳಿಗೆ ಇದೇನು ಮಹಾ ಅಂದುಕೊಂಡಿದ್ದೆ. ಆದರೆ ಫ್ರಾನ್ಸಿನ ಗಡಿ ದಾಟಿ ಆಲ್ಸಾಸ್‌ನ ಒಂದು ಹಳ್ಳಿಯ ಚರ್ಚಿನಲ್ಲಿ ನಮ್ಮ ಮೊದಲ ಕಛೇರಿಯಾದಾಗ, ನಾನು ಒಂದು ಎಣಿಕೆ ಮೊದಲೇ ಹೊಕ್ಕುಬಿಟ್ಟೆ. ಕಲ್ಲಿನ ಕಟ್ಟಡ, ನಮ್ಮ ದನಿ ಹೋಗಿ ವಾಪಸ್ ಬರುವುದನ್ನು ಕೇಳಿಕೊಂಡು ಲೆಕ್ಕ ಹಿಡಿದಿದ್ದೆ, ಅಲ್ಲೇ ತಪ್ಪಿದ್ದು. ಎರಡು ಸಾಲು ನಾನೊಬ್ಬಳೇ ಬೇರೆ ದಾರಿಯಲ್ಲಿದ್ದೆ. ಆಗ ಪಕ್ಕದಲ್ಲಿದ್ದ ಬಾಸ್ ಗಾಯಕರು ಹಾಡು ನಿಲ್ಲಿಸದೆ, ಎರಡು ಬೆರಳಿನಿಂದ ನನ್ನ ಮೊಣಕೈ ಮೇಲೆ ಮೆಲ್ಲಗೆ ತಟ್ಟತೊಡಗಿದರು. ಮೂರನೇ ತಟ್ಟಿಗೆ ಒಳಗೆ ಬಂದೆ. ಫ್ಲಾರೆನ್ಸ್‌ನ ಕೆಥೆಡ್ರಲ್‌ಗೆಂದು 1430ರ ದಶಕದಲ್ಲಿ ಲೂಕ ದೆಲ್ಲಾ ರೊಬ್ಬಿಯಾ ಕೆತ್ತಿದ ಹಾಡುವ ಹುಡುಗರು ಒಬ್ಬರ ಹೆಗಲ ಮೇಲೊಬ್ಬರು ಕೈಯಿಟ್ಟು ನಿಂತಿದ್ದಾರೆ. ಚಿತ್ರದಲ್ಲಿ ನೋಡಿ ಸ್ನೇಹಕ್ಕೆ ಹಾಗೆ ನಿಂತಿದ್ದಾರೆ ಅಂದುಕೊಂಡಿದ್ದೆ. ಈಗ ನಾವೂ ಕಷ್ಟದ ಜಾಗಗಳಲ್ಲಿ ಹಾಗೇ ತಾಳ ದಾಟಿಸುತ್ತೇವೆ. ಸಾಲಾಗಿ ನಿಲ್ಲದೆ ಕುದುರೆಲಾಳದ ಹಾಗೆ ನಿಲ್ಲುವುದಕ್ಕೂ ಇದೇ ಕಾರಣ. ಉಸಿರು ಕಾಣಬೇಕು, ಕೈ ಎಟುಕಬೇಕು.

ರಿನೈಸಾನ್ಸ್ ನಂತರದ ಬರೋಕ್ ಕಾಲದ ಬಗ್ಗೆ ಹೇಳುವುದು ಕಡಿಮೆ, ಏಕೆಂದರೆ ಅಲ್ಲಿ ನಾವಿನ್ನೂ ಕಲಿಯುತ್ತಿದ್ದೇವೆ. ಹೈನ್ರಿಖ್ ಶುಟ್ಸ್ 1625ರಲ್ಲಿ ಅಚ್ಚು ಹಾಕಿಸಿದ ‘ಕಾಂತಿಯೋನೆಸ್ ಸಾಕ್ರೆ’ಯಿಂದ ಮೂರು ಹಾಡು ಮಾಡುತ್ತೇವೆ. ನಾಲ್ಕು ಕಂಠ, ಜೊತೆಗೆ ಆರ್ಗನ್. ಆ ಆರ್ಗನ್ ಭಾಗವನ್ನು ಪ್ರಕಾಶಕರ ಒತ್ತಾಯಕ್ಕೆ ಸೇರಿಸಿದ್ದೆಂದು ಶುಟ್ಸ್ ತಾನೇ ಮುನ್ನುಡಿಯಲ್ಲಿ ಹೇಳಿಕೊಂಡಿದ್ದಾನೆ. ಅದನ್ನು ಓದಿದ ಮೇಲೆ ನಾವು ಎರಡು ರೀತಿಯಲ್ಲೂ ಹಾಡಿ ನೋಡಿದೆವು. ಆರ್ಗನ್ ಬಂದ ಕೂಡಲೇ ಷಡ್ಜದ ನಡಿಗೆ ನಿಲ್ಲುತ್ತದೆ, ಕೊಳವೆ ಎಲ್ಲಿದೆಯೋ ಅಲ್ಲೇ ಸ್ವರ. ನಮ್ಮ ಬಾಸ್ ಗಾಯಕರ ಪುಟ್ಟ ಆರ್ಗನ್ ಮೀನ್‌ಟೋನ್ ಶ್ರುತಿಯದು. ಅದರಲ್ಲಿ ಗಾಂಧಾರ ಶುದ್ಧ, ಪಂಚಮ 5 ಸೆಂಟ್ ಇಳಿದಿರುತ್ತದೆ. ಗಾಂಧಾರವನ್ನು ಉಳಿಸಿಕೊಳ್ಳಲು ಪಂಚಮ ತಾನು ಸೋತಂತೆ. ನನಗೆ ಆರ್ಗನ್ ಇಲ್ಲದೆ ಹಾಡುವುದೇ ಇಷ್ಟ, ಟೆನರ್‌ಗೆ ಆರ್ಗನ್ ಬೇಕು. ಈ ಚರ್ಚೆ ಇನ್ನೂ ಮುಗಿದಿಲ್ಲ.

ಇಂಥ ಕಛೇರಿ ಮಾಡಬೇಕೆನ್ನುವವರಿಗೆ ಅನುಭವದಿಂದ ಒಂದು ಮಾತು: ಶುಟ್ಸ್ ಆದ ಬೆನ್ನಿಗೇ ಮಾಷೋ ಇಡಬೇಡಿ. ಕಿವಿ ಒಂದು ಗಾಂಧಾರ ಬಿಟ್ಟು ಇನ್ನೊಂದಕ್ಕೆ ಹೊರಳಲು ಸಮಯ ಬೇಕು. ನಾವು ನಡುವೆ ಎಲ್ಲರೂ ಒಂದೇ ಸ್ವರದಲ್ಲಿ ಹಾಡುವ ಗ್ರೆಗೋರಿಯನ್ ಸ್ತೋತ್ರ ಇಡುತ್ತೇವೆ. ಅದು ಬಾಯಿ ಮುಕ್ಕಳಿಸಿದ ಹಾಗೆ.

ಕೊನೆಯ ಹಾಡು ಯಾವಾಗಲೂ ಜೊಸ್ಕಿನ್ ದೆ ಪ್ರೆ ರಚಿಸಿದ ‘ಆವೆ ಮರಿಯ’. ವೆನಿಸ್‌ನಲ್ಲಿ ಪೆತ್ರುಚ್ಚಿ ಇದನ್ನು ಅಚ್ಚು ಹಾಕಿದ್ದು 1502ರಲ್ಲಿ. ಸೊಪ್ರಾನೊ ಹಾಡಿದ ಸಾಲು ನನಗೆ, ನನ್ನದು ಟೆನರ್‌ಗೆ, ಅವನದು ಬಾಸ್‌ಗೆ, ಬಾವಿಯಿಂದ ಸೇದಿದ ಕೊಡ ಕೈಯಿಂದ ಕೈಗೆ ದಾಟುವ ಹಾಗೆ. ಎಲ್ಲ ಮುಗಿದ ಮೇಲೆ ನಾಲ್ವರೂ ಒಟ್ಟಿಗೆ, ನಿಧಾನವಾಗಿ, ‘ದೇವಮಾತೆಯೇ, ನನ್ನನ್ನು ನೆನೆ’ ಎಂದು ಬೇಡುತ್ತಾರೆ. ಕೊನೆಯ ‘ಆಮೆನ್’ ನಿಲ್ಲುವ ಕಾರ್ಡಿನಲ್ಲಿ ಗಾಂಧಾರವೇ ಇಲ್ಲ. ಬರೀ ಷಡ್ಜ, ಪಂಚಮ. ಆಲ್ಸಾಸ್‌ನ ಆ ಚರ್ಚಿನಲ್ಲಿ ನಾವು ಬಾಯಿ ಮುಚ್ಚಿದ ಮೇಲೂ ಅದು ಕಮಾನುಗಳ ಕೆಳಗೆ ಉಳಿದಿತ್ತು, ಮತ್ತು ಅದರೊಳಗೆ ನಾವು ಯಾರೂ ಹಾಡದ ಗಾಂಧಾರ ನನಗೆ ಸ್ಪಷ್ಟವಾಗಿ ಕೇಳಿಸಿತು.

ಈಗ ಪೆರೋತಿನ್‌ನದೆನ್ನುವ ‘ವಿದೆರುಂತ್ ಓಮ್ನೆಸ್’ ಕೈಗೆತ್ತಿಕೊಂಡಿದ್ದೇವೆ. ಪ್ಯಾರಿಸ್‌ನ ನೋತ್ರ್ ದಾಮ್, 1198ರ ಸುಮಾರು. ಮೂರು ದನಿ ಮೇಲೆ ಕುಣಿಯುತ್ತಿರುವಾಗ ಟೆನರ್ ಎಂದೇ ಕರೆಯುವ ತಳದ ಭಾಗ ‘ವಿ’ ಎಂಬ ಒಂದೇ ಅಕ್ಷರವನ್ನು ಒಂದೇ ಸ್ವರದಲ್ಲಿ ಹಿಡಿದು ನಿಂತಿರಬೇಕು, ಒಂದು ನಿಮಿಷ ದಾಟಿದರೂ ಕದಲುವಂತಿಲ್ಲ. ಅದನ್ನು ನನಗೇ ಕೊಟ್ಟಿದ್ದಾರೆ. ಮೇಲಿನವರು ಸೇರಿ ನಿಲ್ಲುವ ಜಾಗಗಳನ್ನು ಹುಡುಕಿ, ಯಾರಿಗೂ ತಿಳಿಯದಂತೆ ಎಲ್ಲೆಲ್ಲಿ ಉಸಿರು ತೆಗೆದುಕೊಳ್ಳಬಹುದೆಂದು ಪೆನ್ಸಿಲ್‌ನಲ್ಲಿ ಗುರುತು ಹಾಕುತ್ತಿದ್ದೇನೆ. ಸದ್ಯಕ್ಕೆ ಏಳು ಸಿಕ್ಕಿವೆ.